ಜುಲೈ 20ರೊಳಗೆ ಆಗದಿದ್ದರೆ ರಾಜೀನಾಮೆ

ಪಾಂಡಿಚೇರಿ ಅಂದ್ರೆ ನಮಗೆ ಹಳದಿ ಗೋಡೆ, ಬೀಚು, ಶುಕ್ರವಾರ ರಾತ್ರಿ ಬೆಂಗಳೂರಿನಿಂದ ಹೊರಡೋ ಕಾರುಗಳು. 1961ರಲ್ಲಿ ಗೋವಾ ಬಿಡಿಸೋಕೆ ನಮ್ಮ ಸೈನ್ಯವೇ ಹೋಗಬೇಕಾಯಿತು. ಪಾಂಡಿಚೇರಿಗೆ ಸೈನ್ಯ ಕಳಿಸುವ ಪ್ರಮೇಯ ಬರಲಿಲ್ಲ. ಯಾಕೆ ಅಂತ ಹುಡುಕುತ್ತಾ ಹೋದಾಗ ನನಗೆ ಸಿಕ್ಕವರು ಪಿಯರ್ ಮೆಂಡೆಸ್ ಫ್ರಾನ್ಸ್. ಫ್ರಾನ್ಸಿನ ಒಂದು ಸಣ್ಣ ಊರಿನ ಮೇಯರ್.

ಊರಿನ ಹೆಸರು ಲೂವಿಯೆ. ನಾರ್ಮಂಡಿಯಲ್ಲಿದೆ, ಉಣ್ಣೆ ಬಟ್ಟೆ ನೇಯುವುದಕ್ಕೆ ಹೆಸರಾಗಿತ್ತು. ನಮ್ಮ ಲೆಕ್ಕದಲ್ಲಿ ಪುರಸಭೆ ಅನ್ನಿ. ಪ್ಯಾರಿಸ್‌ನಲ್ಲಿ 1907ರಲ್ಲಿ ಹುಟ್ಟಿದ ಈ ಯಹೂದಿ ಹುಡುಗ ವಕೀಲಿಕೆ ಮಾಡಲು ಅಲ್ಲಿಗೆ ಹೋದರು. 1932ರಲ್ಲಿ, 25ನೇ ವಯಸ್ಸಿಗೆ, ಸಂಸದರಾದರು. ಆ ಸಂಸತ್ತಿನಲ್ಲಿ ಅವರಿಗಿಂತ ಚಿಕ್ಕವರು ಇರಲಿಲ್ಲ. ಮೂರು ವರ್ಷಕ್ಕೆ ಊರಿನ ಮೇಯರ್ ಕೂಡ ಆದರು. ಆಗ ಅಲ್ಲಿ ಎರಡೂ ಹುದ್ದೆಯನ್ನು ಒಬ್ಬರೇ ಇಟ್ಟುಕೊಳ್ಳಬಹುದಿತ್ತು.

ಮಹಾಯುದ್ಧ ಬಂತು, ಫ್ರಾನ್ಸ್ ಸೋತಿತು. ವಾಯುಪಡೆ ಸೇರಿದ್ದ ಇವರು ಹೋರಾಟ ಮುಂದುವರಿಸೋಣ ಅಂತ ಮೊರಾಕೊಗೆ ಹಡಗು ಹತ್ತಿದ್ದಕ್ಕೆ, ಹಿಟ್ಲರ್ ಜೊತೆ ರಾಜಿಯಾಗಿದ್ದ ಸರ್ಕಾರ 'ಸೈನ್ಯ ಬಿಟ್ಟು ಓಡಿದವನು' ಅಂತ ಕೇಸು ಹಾಕಿತು. 1941ರ ಮೇ ತಿಂಗಳಲ್ಲಿ ಆರು ವರ್ಷ ಜೈಲು. ಜೂನ್‌ನಲ್ಲಿ ಗೋಡೆ ಹಾರಿ ಪರಾರಿ. ಆ ಗೋಡೆಯ ಕಥೆ ಮಜವಾಗಿದೆ, ಕೊನೆಗೆ ಹೇಳ್ತೀನಿ. (ಬ್ರೇಕ್ ನಂತರ ಅನ್ನೋ ಅಭ್ಯಾಸ, ಕ್ಷಮಿಸಿ.) ಲಂಡನ್ ಸೇರಿ, ಬಾಂಬರ್ ವಿಮಾನಗಳಲ್ಲಿ ಹಾರಿದರು. ಯುದ್ಧ ಮುಗಿಯುವ ಹೊತ್ತಿಗೆ ದ ಗಾಲ್ ಸರ್ಕಾರದಲ್ಲಿ ಆರ್ಥಿಕ ಮಂತ್ರಿ. ಬೆಲೆ ಏರಿಕೆ ತಡೆಯಲು ಕಹಿ ಔಷಧ ಕೊಡಲೇಬೇಕು ಅಂದರು. ಸರ್ಕಾರ ಒಪ್ಪಲಿಲ್ಲ. 1945ರ ಏಪ್ರಿಲ್‌ನಲ್ಲಿ ರಾಜೀನಾಮೆ ಕೊಟ್ಟು ಹೊರಬಂದರು.

ಈಗ 1954ಕ್ಕೆ ಬನ್ನಿ. ಮೇ 7ರಂದು ವಿಯೆಟ್ನಾಂನ ದಿಯೆನ್ ಬಿಯೆನ್ ಫು ಕೋಟೆ ಬಿತ್ತು, ಫ್ರೆಂಚ್ ಸೈನ್ಯ ಶರಣಾಯಿತು. ಸರ್ಕಾರವೂ ಬಿತ್ತು. ಜೂನ್‌ನಲ್ಲಿ ಸಂಸತ್ತಿನ ಮುಂದೆ ನಿಂತ ಲೂವಿಯೆ ಮೇಯರ್ ಹೇಳಿದ್ದು ಇಷ್ಟೇ: ಜುಲೈ 20ರೊಳಗೆ ಕದನ ವಿರಾಮ ಆಗಬೇಕು, ಆಗದಿದ್ದರೆ ನಾನು ರಾಜೀನಾಮೆ ಕೊಡ್ತೀನಿ. ಒಂದು ತಿಂಗಳ ಚಿಲ್ಲರೆ ಗಡುವು! ನಾನು ಓದಿದ್ದು ಎಂಜಿನಿಯರಿಂಗ್. ಡೆಡ್‌ಲೈನ್ ಅಂದ್ರೆ ಮುಂದೂಡೋಕೆ ಇರೋದು ಅಂತಲೇ ಕಲಿತವನು. ಇವರು ಗಡುವನ್ನ ತಮ್ಮ ಕುರ್ಚಿಗೇ ಕಟ್ಟಿದರು. ಜಿನೀವಾದಲ್ಲಿ 20ರ ಮಧ್ಯರಾತ್ರಿ ದಾಟಿದರೂ ಮಾತು ಮುಗಿಯಲಿಲ್ಲ, ಸಭಾಭವನದ ಗಡಿಯಾರವನ್ನೇ ನಿಲ್ಲಿಸಿದರು ಅಂತ ಇವತ್ತಿಗೂ ಹೇಳ್ತಾರೆ. ಬೆಳಕು ಹರಿಯುವ ಮುಂಚೆ ಸಹಿ ಬಿತ್ತು. ದಿನಾಂಕ ಮಾತ್ರ ಜುಲೈ 20.

ಪ್ರತಿ ಶನಿವಾರ ರೇಡಿಯೋದಲ್ಲಿ ಕೂತು ಜನರ ಜೊತೆ ಮಾತಾಡುತ್ತಿದ್ದರು. ಶಾಲಾ ಮಕ್ಕಳಿಗೆ ಹಾಲು ಕೊಡಿ ಅಂದರು, ಮನೆಮನೆಯಲ್ಲಿ ಸಾರಾಯಿ ಭಟ್ಟಿ ಇಳಿಸುವವರ ಮೇಲೆ ಕಡಿವಾಣ ಹಾಕಿದರು. ಗಮನಿಸಿ, ನಾರ್ಮಂಡಿ ಅಂದ್ರೆ ಸೇಬಿನ ತೋಟ, ಸೇಬಿನ ಬ್ರಾಂದಿ. ಭಟ್ಟಿ ಇಳಿಸುತ್ತಿದ್ದವರು ಅವರದೇ ವೋಟರ್‌ಗಳು! ಹಾಲಿನ ಲೋಟ ಹಿಡಿದ ಅವರ ಫೋಟೋ ನೋಡಿ ದೇಶವೇ ನಕ್ಕಿತು. ಆ ನಗುವಿನಲ್ಲಿ ಯಹೂದಿ ದ್ವೇಷದ ವಿಷವೂ ಬೆರೆತಿತ್ತು.

ಪಾಂಡಿಚೇರಿ ಇತ್ಯರ್ಥವಾಗಿದ್ದು ಇದೇ ತಿಂಗಳುಗಳಲ್ಲಿ. ಜನರ ಒಪ್ಪಿಗೆ ಇಲ್ಲದೆ ನೆಲ ಬಿಟ್ಟುಕೊಡುವಂತಿಲ್ಲ ಅಂತ ಫ್ರೆಂಚ್ ಸಂವಿಧಾನ ಹೇಳುತ್ತಿತ್ತು. ಹಾಗಾಗಿ ಅಕ್ಟೋಬರ್ 18ರಂದು ಕೀಳೂರು ಎಂಬ ಹಳ್ಳಿಯಲ್ಲಿ ಚುನಾಯಿತ ಪ್ರತಿನಿಧಿಗಳೂ ಪುರಸಭಾ ಸದಸ್ಯರೂ ಸೇರಿ ಮತ ಹಾಕಿದರು. 178 ಮತಗಳಲ್ಲಿ 170 ಭಾರತಕ್ಕೆ, 8 ವಿರುದ್ಧ. 21ಕ್ಕೆ ದೆಹಲಿಯಲ್ಲಿ ಒಪ್ಪಂದ. ನವೆಂಬರ್ 1ಕ್ಕೆ ಪಾಂಡಿಚೇರಿ, ಕಾರೈಕಲ್, ಯಾನಂ, ಮಾಹೆಯ ಆಡಳಿತ ನಮ್ಮ ಕೈಗೆ ಬಂತು. ಮಂಗಳೂರಿನಿಂದ ರೈಲಿನಲ್ಲಿ ಕಣ್ಣೂರು, ತಲಶ್ಶೇರಿ ದಾಟಿದರೆ ಸಿಗುವ ಅದೇ ಮಾಹೆ. ಅಲ್ಲಿ ಇವತ್ತು ಜನ ಇಳಿಯೋದು ಅಗ್ಗದ ಮದ್ಯಕ್ಕೆ. ಹಾಲಿನ ಪ್ರಧಾನಿ ಕಂಡಿದ್ದರೆ ಏನನ್ನುತ್ತಿದ್ದರೋ!

ಆದರೆ ಅದೇ ನವೆಂಬರ್ 1ರಂದು ಅಲ್ಜೀರಿಯಾದಲ್ಲಿ ಬಾಂಬುಗಳು ಸಿಡಿದವು, ದಂಗೆ ಶುರುವಾಯಿತು. ಟ್ಯುನೀಷಿಯಾಕ್ಕೆ ತಾವೇ ಹೋಗಿ ಸ್ವಾಯತ್ತತೆಯ ಮಾತು ಕೊಟ್ಟಿದ್ದ, ಪಾಂಡಿಚೇರಿ ಬಿಟ್ಟುಕೊಟ್ಟ ಮನುಷ್ಯ ನವೆಂಬರ್ 12ರಂದು ಸಂಸತ್ತಿನಲ್ಲಿ ಅಲ್ಜೀರಿಯಾ ಫ್ರಾನ್ಸಿನದೇ ಭಾಗ, ಬೇರ್ಪಡಿಸುವ ಮಾತೇ ಇಲ್ಲ ಅಂದರು. ಸೈನ್ಯ ಕಳಿಸಿದರು. ಅವರನ್ನು ಮೆಚ್ಚುವ ನನಗೆ ಇದನ್ನು ಹೇಳದೆ ದಾಟಿಹೋಗಲು ಮನಸ್ಸು ಬರ್ತಿಲ್ಲ. ಅಲ್ಲಿ ನೆಲೆಸಿದ್ದ ಯುರೋಪಿಯನ್ನರು ಸುಮಾರು ಹತ್ತು ಲಕ್ಷ, ಅವರ ಪರ ಗಟ್ಟಿ ದನಿಗಳು ಸಂಸತ್ತಿನಲ್ಲೇ ಇದ್ದವು, ಅದು ನಿಜ. ಆದರೂ ಕೀಳೂರಿನಲ್ಲಿ ಕೇಳಿದ ಪ್ರಶ್ನೆಯನ್ನು ಅಲ್ಲಿ ಕೇಳಲಿಲ್ಲ. ಅಷ್ಟು ಗಟ್ಟಿಯಾಗಿ ನಿಂತರೂ ಕುರ್ಚಿ ಉಳಿಯಲಿಲ್ಲ. 1955ರ ಫೆಬ್ರುವರಿಯಲ್ಲಿ ಉತ್ತರ ಆಫ್ರಿಕಾ ವಿಷಯದಲ್ಲೇ ಸರ್ಕಾರ ಉರುಳಿತು. ಆಳಿದ್ದು ಏಳೂವರೆ ತಿಂಗಳು. ಯುದ್ಧ ಮುಂದುವರಿದು ಅಲ್ಜೀರಿಯಾ ಸ್ವತಂತ್ರವಾಗಿದ್ದು 1962ರ ಜುಲೈನಲ್ಲಿ. ಪಾಂಡಿಚೇರಿ ಕಾನೂನು ಪ್ರಕಾರ ಪೂರ್ತಿ ನಮ್ಮದಾಗಿದ್ದು ಮರು ತಿಂಗಳು, ಆಗಸ್ಟ್ 16ಕ್ಕೆ.

1958ರಲ್ಲಿ ದ ಗಾಲ್ ಮತ್ತೆ ಅಧಿಕಾರಕ್ಕೆ ಬಂದ ರೀತಿಯನ್ನು ಇವರು ವಿರೋಧಿಸಿದರು. ಸ್ವಂತ ಕ್ಷೇತ್ರದ ಜನರೇ ಸೋಲಿಸಿದರು. ಮೇಯರ್ ಹುದ್ದೆ ಇನ್ನೂ ಕೈಯಲ್ಲಿತ್ತು. ಸೋತ ಮೇಲೆ ಅದೂ ಬೇಡ ಅಂತ ಬಿಟ್ಟುಬಂದರು. ಹತ್ತು ಪೈಸೆ ಅನುದಾನ ಇರುವ ನಿಗಮದ ಅಧ್ಯಕ್ಷಗಿರಿಗೂ ಕಿತ್ತಾಡುವವರನ್ನು ದಿನಾ ಸ್ಟುಡಿಯೋದಲ್ಲಿ ಕೂರಿಸಿಕೊಳ್ಳುವ ನನಗೆ ಈ ಸಾಲು ಎರಡು ಸಲ ಓದಬೇಕಾಯಿತು.

ಈಗ ಗೋಡೆ. ಮಾರ್ಸೆಲ್ ಓಫುಲ್ಸ್ 1969ರಲ್ಲಿ ಯುದ್ಧಕಾಲದ ಫ್ರಾನ್ಸ್ ಬಗ್ಗೆ ಒಂದು ಸಾಕ್ಷ್ಯಚಿತ್ರ ಮಾಡಿದರು. ಟಿವಿಗಾಗಿಯೇ ಮಾಡಿದ್ದು. ಆದರೆ ಫ್ರೆಂಚ್ ಟಿವಿ ಅದನ್ನು 1981ರವರೆಗೆ ತೋರಿಸಲೇ ಇಲ್ಲ. ಅದರಲ್ಲಿ ಮೆಂಡೆಸ್ ಫ್ರಾನ್ಸ್ ತಾವೇ ಹೇಳ್ತಾರೆ: ಜೈಲಿನ ಗೋಡೆ ಹತ್ತಿ ಕೂತಿದ್ದೇನೆ, ಕೆಳಗೆ ಮರದಡಿ ಕತ್ತಲಲ್ಲಿ ಒಂದು ಜೋಡಿ. ಅವನಿಗೆ ಏನು ಬೇಕು ಅಂತ ಗೊತ್ತಾಗ್ತಿದೆ, ಅವಳು ಹೂಂ ಅನ್ನುತ್ತಿಲ್ಲ. ಹಾರುವ ಹಾಗಿಲ್ಲ, ಇಳಿಯುವ ಹಾಗಿಲ್ಲ. ಬಹಳ ಹೊತ್ತಾದ ಮೇಲೆ ಅವಳು ಒಪ್ಪಿದಳು, ಇಬ್ಬರೂ ಎದ್ದು ಹೋದರು. ಆ ಹುಡುಗನಿಗಿಂತ ನನಗೇ ಜಾಸ್ತಿ ಖುಷಿಯಾಯಿತು ಅಂತ ನಗ್ತಾರೆ. ಆಮೇಲೆ ಹಾರಿದರು.