ಅಮಿಶ್ ಆಲೂಗಡ್ಡೆ ಸೂಪ್: ಮನೆಯಲ್ಲಿ ಮಾಡುವುದು ಸುಲಭ, ಬಾಟಲಿಯಲ್ಲಿ ತುಂಬಿಡುವುದು ಅಪಾಯ

ವಿದ್ಯುತ್, ಕಾರು, ಟಿವಿಗಳಿಂದ ದೂರವಿದ್ದು ಕುದುರೆ ಗಾಡಿಯಲ್ಲಿ ಓಡಾಡುವ ಅಮೆರಿಕದ ಅಮಿಶ್ ಜನರ ಅಡುಗೆ ವಿಡಿಯೊಗಳು ಈಗ ಎಲ್ಲರ ಫೋನಿನಲ್ಲೂ ಕಾಣಿಸುತ್ತವೆ. ಅವುಗಳಲ್ಲಿ ಆಲೂಗಡ್ಡೆ ಸೂಪ್ ಕೂಡ ಒಂದು. ಈ ಸೂಪ್ ಮಾಡುವುದು ಹೇಗೆ, ಅದು ಗಟ್ಟಿಯಾಗುವುದು ಏಕೆ, ಅದನ್ನು ಎಷ್ಟು ದಿನ ಇಡಬಹುದು ಎಂಬುದನ್ನು ಇಲ್ಲಿ ತಿಳಿಯೋಣ. ಕೊನೆಯ ಪ್ರಶ್ನೆಗೆ ತಪ್ಪು ಉತ್ತರ ನಂಬಿದರೆ ಜೀವಕ್ಕೇ ಕುತ್ತು ಬರಬಹುದು.

ಅಮಿಶ್ ಜನ ಯಾರು?

1693ರಲ್ಲಿ ಯಾಕೋಬ್ ಅಮ್ಮಾನ್ ಎಂಬಾತನ ನೇತೃತ್ವದಲ್ಲಿ ಯುರೋಪಿನಲ್ಲಿ ಬೇರೆಯಾದ ಕ್ರೈಸ್ತ ಪಂಗಡ ಇದು. ಸ್ವಿಟ್ಜರ್ಲೆಂಡ್ ಮತ್ತು ಜರ್ಮನ್ ಭಾಷಿಕ ಪ್ರದೇಶಗಳಿಂದ 18ನೇ ಶತಮಾನದಲ್ಲಿ ಇವರು ಪೆನ್ಸಿಲ್ವೇನಿಯಾಕ್ಕೆ ವಲಸೆ ಹೋದರು. ಇಂದು ಪೆನ್ಸಿಲ್ವೇನಿಯಾ, ಓಹಿಯೊ, ಇಂಡಿಯಾನ ರಾಜ್ಯಗಳಲ್ಲಿ ಹೆಚ್ಚಾಗಿದ್ದಾರೆ. ಬೇಸಾಯ, ಹೈನುಗಾರಿಕೆ ಇವರ ಹಳೆಯ ಕಸುಬು. ಹಾಗಾಗಿ ಆಲೂಗಡ್ಡೆ, ಹಾಲು, ಬೆಣ್ಣೆ, ಮೊಟ್ಟೆ, ಗೋಧಿ ಹಿಟ್ಟು ಇವರ ಅಡುಗೆಯ ಆಧಾರ.

ಸೂಪ್ ಮಾಡುವ ವಿಧಾನ (4 ಜನರಿಗೆ)

ಬೇಕಾಗುವುದು: ಆಲೂಗಡ್ಡೆ 750 ಗ್ರಾಂ, ದೊಡ್ಡ ಈರುಳ್ಳಿ 1, ಸೆಲರಿ ದಂಟು 1 (ಸಿಗದಿದ್ದರೆ ಬಿಡಬಹುದು), ಬೆಣ್ಣೆ 2 ದೊಡ್ಡ ಚಮಚ, ನೀರು 3 ಕಪ್, ಹಾಲು 2 ಕಪ್, ಉಪ್ಪು, ಕಾಳುಮೆಣಸಿನ ಪುಡಿ. ರಿವಲ್‌ಗಳಿಗೆ ಮೈದಾ 1 ಕಪ್, ಮೊಟ್ಟೆ 1, ಚಿಟಿಕೆ ಉಪ್ಪು.

1. ಬೆಣ್ಣೆಯಲ್ಲಿ ಈರುಳ್ಳಿ, ಸೆಲರಿಯನ್ನು ಮೆತ್ತಗಾಗುವವರೆಗೆ ಬಾಡಿಸಿ. ಕೆಂಪಾಗಿಸಬೇಡಿ.
2. ಸಿಪ್ಪೆ ತೆಗೆದು ಸಣ್ಣಗೆ ಹೆಚ್ಚಿದ ಆಲೂಗಡ್ಡೆ, ನೀರು, ಉಪ್ಪು ಹಾಕಿ 15ರಿಂದ 20 ನಿಮಿಷ ಬೇಯಿಸಿ.
3. ಬೆಂದ ಹೋಳುಗಳಲ್ಲಿ ಮೂರನೇ ಒಂದು ಭಾಗವನ್ನು ಪಾತ್ರೆಯಲ್ಲೇ ಮಸೆಯಿರಿ.
4. ಮೈದಾ, ಉಪ್ಪಿಗೆ ಮೊಟ್ಟೆ ಒಡೆದು ಹಾಕಿ, ಬೆರಳಿನಿಂದ ಉಜ್ಜಿ ಬಟಾಣಿ ಗಾತ್ರದ ಪುಟ್ಟ ಉಂಡೆಗಳಾಗಿ ಮಾಡಿ. ಇವೇ ರಿವಲ್. ಕುದಿಯುವ ಸೂಪಿಗೆ ಸ್ವಲ್ಪ ಸ್ವಲ್ಪವೇ ಉದುರಿಸಿ, 10ರಿಂದ 15 ನಿಮಿಷ ಬೇಯಿಸಿ.
5. ಉರಿ ತಗ್ಗಿಸಿ, ಬಿಸಿ ಹಾಲು ಸೇರಿಸಿ. ಮತ್ತೆ ಕೊತಕೊತ ಕುದಿಸಬೇಡಿ. ಕಾಳುಮೆಣಸು ಹಾಕಿ ಬಡಿಸಿ.

ಮೊಟ್ಟೆ ತಿನ್ನದವರು ರಿವಲ್ ಬಿಟ್ಟು ಇನ್ನಷ್ಟು ಆಲೂಗಡ್ಡೆ ಮಸೆದರೆ ಸಾಕು. ಅಮೆರಿಕದಲ್ಲಿ ಇದಕ್ಕೆ ಹಂದಿಮಾಂಸ ಸೇರಿಸುವುದೂ ಸಾಮಾನ್ಯ. ಹೊರಗೆ ಕೊಳ್ಳುವ ಸಸ್ಯಾಹಾರಿಗಳು ಕೇಳಿ ತಿಳಿಯುವುದು ಒಳ್ಳೆಯದು.

ಕ್ರೀಮ್, ಕಾರ್ನ್‌ಫ್ಲೋರ್ ಇಲ್ಲದೆ ಗಟ್ಟಿಯಾಗುವುದು ಹೇಗೆ?

ಆಲೂಗಡ್ಡೆಯಲ್ಲಿರುವ ಪಿಷ್ಟದ ಕಣಗಳು ಬಿಸಿ ನೀರಿನಲ್ಲಿ ನೀರು ಹೀರಿ ಉಬ್ಬುತ್ತವೆ. ಮಸೆದಾಗ ಪಿಷ್ಟ ಹೊರಬಂದು ಸೂಪ್ ಮಂದವಾಗುತ್ತದೆ. ರಿವಲ್‌ನಿಂದ ಬಿಡುವ ಹಿಟ್ಟೂ ಇದಕ್ಕೆ ನೆರವಾಗುತ್ತದೆ. ಮಿಕ್ಸಿಯಲ್ಲಿ ಮಾತ್ರ ರುಬ್ಬಬೇಡಿ, ಪಿಷ್ಟ ಅತಿಯಾಗಿ ಹೊರಬಂದು ಸೂಪ್ ಅಂಟಂಟಾಗುತ್ತದೆ. ನಿಂಬೆರಸ, ಟೊಮೆಟೊ ಹಾಕಿದರೆ ಹುಳಿಯಿಂದ ಹಾಲು ಒಡೆಯುತ್ತದೆ.

ಮಿಥ್ಯೆ 1: ಉಪ್ಪು ಹೆಚ್ಚಾದರೆ ಆಲೂಗಡ್ಡೆ ಹೀರಿಕೊಳ್ಳುತ್ತದೆ

ಸತ್ಯ: ಆಲೂಗಡ್ಡೆ ಉಪ್ಪನ್ನು ಮಾತ್ರ ಆರಿಸಿ ಹೀರುವುದಿಲ್ಲ, ಉಪ್ಪು ನೀರನ್ನೇ ಹೀರುತ್ತದೆ. ಉಳಿದ ಸೂಪಿನ ಉಪ್ಪಿನ ಪ್ರಮಾಣ ಹೆಚ್ಚುಕಡಿಮೆ ಹಾಗೆಯೇ ಇರುತ್ತದೆ. ಹಾಗಿಲ್ಲದಿದ್ದರೆ ತುಂಬಾ ಆಲೂಗಡ್ಡೆಯೇ ಇರುವ ಈ ಸೂಪ್ ಎಂದೂ ಉಪ್ಪಾಗುತ್ತಿರಲಿಲ್ಲ! ಉಪ್ಪು ಹಾಕದ ಹಾಲು ಅಥವಾ ನೀರು ಸೇರಿಸುವುದೇ ಪರಿಹಾರ.

ಮಿಥ್ಯೆ 2: ಹಸಿರಾದ ಆಲೂಗಡ್ಡೆಯನ್ನು ಚೆನ್ನಾಗಿ ಬೇಯಿಸಿದರೆ ಸಾಕು

ಸತ್ಯ: ಹಸಿರು ಬಣ್ಣ ಪತ್ರಹರಿತ್ತಿನದು, ಅದು ವಿಷವಲ್ಲ. ಆದರೆ ಬೆಳಕು ಬಿದ್ದು ಹಸಿರಾದ ಆಲೂಗಡ್ಡೆಯಲ್ಲಿ ಸೊಲನೈನ್‌ನಂಥ ವಿಷವಸ್ತುಗಳೂ ಹೆಚ್ಚಿರುವ ಸಾಧ್ಯತೆ ಇದೆ. ಕುದಿಸಿದರೆ ಇವು ನಾಶವಾಗುವುದಿಲ್ಲ. ವಾಂತಿ, ಹೊಟ್ಟೆನೋವು, ಭೇದಿ ಬರಬಹುದು. ಒಂದೆರಡು ಸಣ್ಣ ಮೊಳಕೆಯಿದ್ದರೆ ಆಳವಾಗಿ ಕೊರೆದು ತೆಗೆದು ಬಳಸಬಹುದು. ತುಂಬಾ ಹಸಿರಾದ, ಕಹಿಯಾದ, ಉದ್ದ ಮೊಳಕೆ ಬಂದು ಸುಕ್ಕುಗಟ್ಟಿದ ಗಡ್ಡೆಯನ್ನು ಎಸೆಯಿರಿ.

ಮಿಥ್ಯೆ 3: ಬಾಟಲಿಯಲ್ಲಿ ತುಂಬಿ ಕುದಿಸಿದರೆ ಸೂಪ್ ತಿಂಗಳುಗಟ್ಟಲೆ ಕೆಡುವುದಿಲ್ಲ

ಸತ್ಯ: ಇದೇ ಅತ್ಯಂತ ಅಪಾಯಕಾರಿ ನಂಬಿಕೆ. ಅಮಿಶ್ ಮನೆಗಳಲ್ಲಿ ಆಹಾರವನ್ನು ಗಾಜಿನ ಜಾಡಿಯಲ್ಲಿ ತುಂಬಿಡುವ ಪದ್ಧತಿ ಇರುವುದು ನಿಜ. ಆದರೆ ಹಾಲು, ಹಿಟ್ಟು ಹಾಕಿದ ಸೂಪನ್ನು ಮನೆಯಲ್ಲಿ ಹೀಗೆ ತುಂಬಿಡಬಾರದು ಎನ್ನುವುದು ಅಮೆರಿಕದ ಕೃಷಿ ಇಲಾಖೆಯ ಸ್ಪಷ್ಟ ಸಲಹೆ.

ಕಾರಣ, ಮಣ್ಣಿನಲ್ಲಿರುವ ಕ್ಲಾಸ್ಟ್ರಿಡಿಯಂ ಬಾಟುಲಿನಂ ಎಂಬ ಬ್ಯಾಕ್ಟೀರಿಯಾ. ಆಲೂಗಡ್ಡೆ ಮಣ್ಣಿನಲ್ಲೇ ಬೆಳೆಯುತ್ತದೆ. ಈ ಬ್ಯಾಕ್ಟೀರಿಯಾದ ಬೀಜಕಣಗಳು 100 ಡಿಗ್ರಿಯಲ್ಲಿ ಕುದಿಸಿದರೂ ಬದುಕುಳಿಯುತ್ತವೆ. ಗಾಳಿಯಿಲ್ಲದ, ಹುಳಿಯಿಲ್ಲದ ಮುಚ್ಚಿದ ಬಾಟಲಿ ಅವುಗಳಿಗೆ ಹೇಳಿ ಮಾಡಿಸಿದ ಜಾಗ. ಅಲ್ಲಿ ಅವು ನರಗಳನ್ನು ನಿಷ್ಕ್ರಿಯಗೊಳಿಸುವ ವಿಷ ತಯಾರಿಸುತ್ತವೆ. ವಾಸನೆ, ಬಣ್ಣ, ರುಚಿಯಿಂದ ಇದನ್ನು ಕಂಡುಹಿಡಿಯಲಾಗದು. ನಮ್ಮ ಮನೆಯ ಪ್ರೆಶರ್ ಕುಕ್ಕರ್ ಬಾಟಲಿಗಳನ್ನು ಸುರಕ್ಷಿತಗೊಳಿಸಲು ತಯಾರಾದ ಸಾಧನವಲ್ಲ, ಅದನ್ನೂ ನಂಬಬೇಡಿ.

2015ರ ಏಪ್ರಿಲ್‌ನಲ್ಲಿ ಓಹಿಯೊದ ಲ್ಯಾಂಕಾಸ್ಟರ್‌ನಲ್ಲಿ ಚರ್ಚ್ ಒಂದರ ಸಾಮೂಹಿಕ ಊಟದಲ್ಲಿ 29 ಜನ ಬಾಟುಲಿಸಂಗೆ ತುತ್ತಾದರು, ಒಬ್ಬರು ಸತ್ತರು. ಅದು ಅಮಿಶ್ ಜನರ ಊಟವಾಗಿರಲಿಲ್ಲ. ಮನೆಯಲ್ಲಿ ಬರೀ ಕುದಿಯುವ ನೀರಿನಲ್ಲಿಟ್ಟು ಜಾಡಿಯಲ್ಲಿ ತುಂಬಿಟ್ಟಿದ್ದ ಆಲೂಗಡ್ಡೆಯಿಂದ ಮಾಡಿದ ಸಲಾಡ್ ಕಾರಣವೆಂದು ತನಿಖೆ ತೋರಿಸಿತು.

ಹಾಗಾದರೆ ಉಳಿದ ಸೂಪ್ ಏನು ಮಾಡಬೇಕು?

ಅಗಲ ಪಾತ್ರೆಗೆ ಹಾಕಿ ಬೇಗ ಆರಿಸಿ, 2 ಗಂಟೆಯೊಳಗೆ ಫ್ರಿಜ್‌ನಲ್ಲಿಡಿ. 3ರಿಂದ 4 ದಿನದೊಳಗೆ ಮುಗಿಸಿ. ತಿನ್ನುವ ಮುನ್ನ ಒಳಗಿನವರೆಗೂ ಹಬೆಯಾಡುವಷ್ಟು ಬಿಸಿ ಮಾಡಿ. ಫ್ರೀಜರ್‌ನಲ್ಲಿಟ್ಟರೆ ಆಲೂಗಡ್ಡೆ ಸ್ಪಂಜಿನಂತಾಗಿ ಹಾಲು ಬೇರೆಯಾಗುತ್ತದೆ. "ಅಮಿಶ್ ಜನರ ಬಳಿ ಫ್ರಿಜ್ ಇಲ್ಲವಲ್ಲ" ಎನ್ನುವವರಿಗೆ ಒಂದು ಮಾಹಿತಿ: ಅನೇಕ ಅಮಿಶ್ ಮನೆಗಳಲ್ಲಿ ಗ್ಯಾಸ್‌ನಿಂದ ನಡೆಯುವ ಫ್ರಿಜ್ ಇದೆ.

ಮನೆಯಲ್ಲಿ ತುಂಬಿಟ್ಟ ಆಹಾರ ತಿಂದವರಲ್ಲಿ ರೆಪ್ಪೆ ಜೋಲುವುದು, ವಸ್ತುಗಳು ಎರಡೆರಡಾಗಿ ಕಾಣುವುದು, ಮಾತು ತೊದಲುವುದು, ನುಂಗಲು ಕಷ್ಟವಾಗುವುದು ಕಂಡರೆ ಮನೆಮದ್ದು ಮಾಡುತ್ತ ಕೂರಬೇಡಿ. ತಕ್ಷಣ ಆಸ್ಪತ್ರೆಗೆ ಹೋಗಿ, ಏನು ತಿಂದಿದ್ದರೆಂದು ವೈದ್ಯರಿಗೆ ಹೇಳಿ. ಇದಕ್ಕೆ ಪ್ರತಿವಿಷ ಇದೆ, ಬೇಗ ಕೊಟ್ಟಷ್ಟೂ ಒಳ್ಳೆಯದು.

ಯಾರು ಎಚ್ಚರ ವಹಿಸಬೇಕು?

ಇದು ಔಷಧಿಯಲ್ಲ, ಹೊಟ್ಟೆ ತುಂಬಿಸುವ ಊಟ. ಆಲೂಗಡ್ಡೆ, ಮೈದಾ ಎರಡೂ ಇರುವುದರಿಂದ ಮಧುಮೇಹಿಗಳು ಮಿತವಾಗಿ ತಿನ್ನಬೇಕು. ಪೊಟ್ಯಾಸಿಯಂ ಕಡಿಮೆ ಮಾಡಲು ಸಲಹೆ ಪಡೆದಿರುವ ಮೂತ್ರಪಿಂಡ ರೋಗಿಗಳು ವೈದ್ಯರನ್ನು ಕೇಳಬೇಕು. ಹಾಲು ಜೀರ್ಣವಾಗದವರು ಲ್ಯಾಕ್ಟೋಸ್ ಇಲ್ಲದ ಹಾಲು ಬಳಸಬಹುದು.

ಫಾರ್ವರ್ಡ್ ಮಾಡುವ ಮುನ್ನ

ಸೂಪಿನ ವಿಡಿಯೊ ಹಂಚಿಕೊಳ್ಳಿ, ತಪ್ಪಿಲ್ಲ. ಆದರೆ ಅದರಲ್ಲಿ "ಬಾಟಲಿಗೆ ತುಂಬಿ ವರ್ಷವಿಡೀ ಬಳಸಿ" ಎಂಬ ಮಾತಿದ್ದರೆ ಅಲ್ಲಿಗೇ ನಿಲ್ಲಿಸಿ. ಈ ಸೂಪ್ ಮಾಡಿದ ದಿನವೇ ತಿಂದರೆ ರುಚಿಯೂ ಹೆಚ್ಚು, ಸುರಕ್ಷತೆಯೂ ಹೆಚ್ಚು.