ಗಾಳಿಗೊಂದು ತಿಂಗಳು

ಪಂಚಾಂಗವು ಕೇವಲ ಗಣಿತದ ಕೂಸೆಂದು ಬಹುಮಂದಿ ತಿಳಿದಿರುವರು. ಲೆಕ್ಕವು ಸರಿಯಾಗಿದ್ದ ಮೇಲೆ ತಿಂಗಳಿಗೆ ಹೆಸರು ಯಾವುದಾದರೇನು, ವಾರಕ್ಕೆ ದಿನಗಳು ಎಷ್ಟಾದರೇನು ಎಂದು ಕೇಳುವವರೂ ಉಂಟು. ಈ ಪ್ರಶ್ನೆಗೆ ಫ್ರಾನ್ಸ್ ದೇಶದ ಚರಿತ್ರೆಯಲ್ಲಿ ಒಳ್ಳೆಯ ಉತ್ತರವಿದೆ. ಅಲ್ಲಿ ಒಂದು ಸರಕಾರವು ಕಾಲಕ್ಕೇ ಹೊಸದಾಗಿ ನಾಮಕರಣ ಮಾಡಿ, ಗಾಳಿಗೂ ಒಂದು ತಿಂಗಳನ್ನು ಮೀಸಲಿಟ್ಟಿತು. ೧೨ ವರ್ಷಗಳ ತರುವಾಯ ಆ ಕಾಲಗಣನೆಯನ್ನೇ ಕೈಬಿಟ್ಟಿತು.

೧೭೯೨ನೆಯ ಸೆಪ್ಟೆಂಬರಿನಲ್ಲಿ ಫ್ರೆಂಚರು ಅರಸೊತ್ತಿಗೆಯನ್ನು ತೊಡೆದುಹಾಕಿದರು. ಹಳೆಯ ಪಂಚಾಂಗವು ಅರಸರ ಮತ್ತು ಪಾದ್ರಿಗಳ ಕಾಲದ ನೆನಪೆಂದು ಬಗೆದು, ಗಣಿತಜ್ಞನಾದ ಜಿಲ್ಬೆರ್ ರೋಮ್ ಎಂಬುವನ ಮುಖಂಡತ್ವದಲ್ಲಿ ಹೊಸದೊಂದನ್ನು ಸಿದ್ಧಪಡಿಸಿದರು. ೧೭೯೩ನೆಯ ಅಕ್ಟೋಬರಿನಲ್ಲಿ ರಾಷ್ಟ್ರಸಭೆಯು ಅದನ್ನು ಅಂಗೀಕರಿಸಿತು. ಶಕಾರಂಭವು ೧೭೯೨ನೆಯ ಸೆಪ್ಟೆಂಬರ್ ೨೨. ಗಣರಾಜ್ಯದ ಮೊದಲ ದಿನವೂ ಶರದ್ವಿಷುವವೂ ದೈವಯೋಗದಿಂದ ಕೂಡಿಬಂದ ದಿನವದು. ತಿಂಗಳು ೧೨, ಪ್ರತಿಯೊಂದಕ್ಕೂ ೩೦ ದಿನಗಳು. ಮಿಕ್ಕ ೫ ಅಥವಾ ೬ ದಿನಗಳು ವರ್ಷಾಂತ್ಯದ ಹಬ್ಬಗಳಿಗೆ. ಏಳು ದಿನಗಳ ವಾರಕ್ಕೆ ಬದಲಾಗಿ ಹತ್ತು ದಿನಗಳ ಕಟ್ಟು.

ತಿಂಗಳುಗಳಿಗೆ ಹೆಸರಿಟ್ಟವನು ಫಾಬ್ರ್ ದೆಗ್ಲಾಂತಿನ್ ಎಂಬ ಕವಿ. ಅವನು ದೇವತೆಗಳನ್ನೂ ಚಕ್ರವರ್ತಿಗಳನ್ನೂ ಬಿಟ್ಟು ಋತುಧರ್ಮವನ್ನೇ ಹಿಡಿದನು. ಚಳಿಗಾಲದ ಮೂರು ತಿಂಗಳು ನಿವೋಸ್, ಪ್ಲುವಿಯೋಸ್, ವೆಂತೋಸ್. ಎಂದರೆ ಹಿಮದ್ದು, ಮಳೆಯದು, ಗಾಳಿಯದು. ಫೆಬ್ರವರಿಯ ಉತ್ತರಾರ್ಧದಿಂದ ಮಾರ್ಚಿಯ ಮೂರನೆಯ ವಾರದವರೆಗೆ ಬೀಸಿ, ನೆನೆದ ನೆಲವನ್ನು ಒಣಗಿಸಿ, ಒಕ್ಕಲಿಗನನ್ನು ಹೊಲಕ್ಕೆ ಕರೆಯುವ ಗಾಳಿಯ ಹೆಸರೇ ವೆಂತೋಸ್. ಲ್ಯಾಟಿನಿನ ‘ವೆಂತುಸ್’ ಶಬ್ದವೂ ನಮ್ಮ ‘ವಾತ’ ಶಬ್ದವೂ ಒಂದೇ ಮೂಲದವು. ಸಂತರ ಹೆಸರಿದ್ದ ದಿನಗಳಿಗೆ ಗಿಡಮರಗಳ, ಪ್ರಾಣಿಗಳ, ಬೇಸಾಯದ ಮುಟ್ಟುಗಳ ಹೆಸರು ಬಂದವು. ಗಾಳಿಯ ತಿಂಗಳ ೧೦ನೆಯ ದಿನವು ಸನಿಕೆಯದು.

ಈ ಕಲ್ಪನೆ ನಮಗೆ ತೀರ ಹೊಸದಲ್ಲ. ಚೈತ್ರ ವೈಶಾಖಾದಿ ನಕ್ಷತ್ರನಾಮಗಳಲ್ಲದೆ ವೇದದಲ್ಲಿ ಮಧು-ಮಾಧವ, ಶುಕ್ರ-ಶುಚಿ, ನಭಸ್-ನಭಸ್ಯ, ಇಷ-ಊರ್ಜ, ಸಹಸ್-ಸಹಸ್ಯ, ತಪಸ್-ತಪಸ್ಯ ಎಂದು ಋತುವಿಗೆ ಎರಡರಂತೆ ಹನ್ನೆರಡು ಮಾಸನಾಮಗಳಿವೆ. ಫ್ರೆಂಚ್ ಕವಿಯು ಒಂದು ಋತುವಿನ ಮೂರು ತಿಂಗಳಿಗೆ ಒಂದೇ ಪ್ರಾಸವಿಟ್ಟಂತೆ ಇಲ್ಲಿಯೂ ಜೋಡಿಹೆಸರುಗಳು ಬಹುಮಟ್ಟಿಗೆ ಒಂದರಿಂದೊಂದು ಹುಟ್ಟಿವೆ. ಆದರೆ ಮನೆಮಾತಿನಲ್ಲಿ ನಿಂತವು ಚೈತ್ರಾದಿಗಳೇ. ನಕ್ಷತ್ರವು ಎಲ್ಲ ಸೀಮೆಗೂ ಒಂದೇ. ಗಾಳಿಮಳೆಗಳು ಸೀಮೆಗೊಂದು ಬಗೆ. ನಮಗೆ ಗಾಳಿಯ ತಿಂಗಳೆಂದರೆ ಆಷಾಢವಲ್ಲದೆ ಫಾಲ್ಗುಣವಲ್ಲವಷ್ಟೆ.

ಪ್ಯಾರಿಸಿನ ಪಂಚಾಂಗಕ್ಕೆ ಈ ತೊಡಕು ಸಮುದ್ರದಾಚೆ ಕಾಣಿಸಿತು. ಆಗ ಫ್ರೆಂಚರ ಕೈಯಲ್ಲಿದ್ದ ಮಾರಿಷಸ್ ದ್ವೀಪದಲ್ಲಿಯೂ ಅದೇ ತಾರೀಖುಗಳು ಚಲಾವಣೆಯಲ್ಲಿದ್ದವು. ಹಿಮವನ್ನೇ ಕಾಣದ ಆ ದ್ವೀಪದಲ್ಲಿ ‘ಹಿಮದ ತಿಂಗಳು’ ಕಡುಬೇಸಗೆ; ‘ಗಾಳಿಯ ತಿಂಗಳು’ ನೆಲವನ್ನು ಒಣಗಿಸುವುದರ ಬದಲು ಬೆಳೆಯನ್ನೇ ಕೆಡಹಬಲ್ಲ ಚಂಡಮಾರುತಗಳ ಕಾಲ. ಅಲ್ಲಿಯ ಗವರ್ನರ್ ಮಲಾರ್ತಿಕನು ಟಿಪ್ಪು ಸುಲ್ತಾನನ ನೆರವಿಗೆ ಸೈನಿಕರು ಬೇಕೆಂದು ೧೭೯೮ರಲ್ಲಿ ಹೊರಡಿಸಿದ ಸಾರುವಿಕೆಯ ತಾರೀಖು ಪ್ಲುವಿಯೋಸ್ ೧೦. ಅದನ್ನೇ ಕಾರಣವಾಗಿ ಹಿಡಿದು ವೆಲ್ಲೆಸ್ಲಿಯು ಮೈಸೂರಿನ ಮೇಲೆ ಯುದ್ಧಕ್ಕೆ ಅಣಿಯಾದನು. ಟಿಪ್ಪುವೂ ಮೌಲೂದಿ ಎಂಬ ಹೊಸ ಶಕವನ್ನೂ ಹೊಸ ಮಾಸನಾಮಗಳನ್ನೂ ತನ್ನ ರಾಜ್ಯದಲ್ಲಿ ನಡೆಸಿದ್ದನು. ೧೭೯೯ರಲ್ಲಿ ಶ್ರೀರಂಗಪಟ್ಟಣವು ಬಿದ್ದೊಡನೆ ಆ ಗಣನೆಯೂ ಅಳಿಯಿತು.

ಫ್ರಾನ್ಸಿನಲ್ಲಿ ಪಂಚಾಂಗವನ್ನು ಕೆಡಿಸಿದ್ದು ಹೆಸರಿಗಿಂತ ಹೆಚ್ಚಾಗಿ ಹತ್ತು ದಿನಗಳ ಕಟ್ಟು. ಏಳನೆಯ ದಿನಕ್ಕೆ ಬರುತ್ತಿದ್ದ ವಿಶ್ರಾಂತಿಯು ಹತ್ತನೆಯ ದಿನಕ್ಕೆ ಹೋಯಿತು. ವರ್ಷದ ೫೨ ಭಾನುವಾರಗಳಿಗೆ ಪ್ರತಿಯಾಗಿ ದೊರೆತವು ೩೬. ಬಡವರ ಹೆಸರಿನಲ್ಲಿ ನಡೆದ ಕ್ರಾಂತಿಯು ಕೂಲಿಯವನ ಬಿಡುವನ್ನೇ ಕಿತ್ತುಕೊಂಡಿತು! ಸಂತೆ, ಪ್ರಾರ್ಥನೆ, ನೆಂಟರ ಬರವು ಎಲ್ಲವೂ ಹಳೆಯ ವಾರಕ್ಕೆ ಹೆಣೆದುಕೊಂಡಿದ್ದವು. ಜನರು ಕಚೇರಿಯಲ್ಲಿ ಹೊಸ ತಾರೀಖನ್ನು ಬರೆದು, ಮನೆಯಲ್ಲಿ ಭಾನುವಾರವನ್ನೇ ಆಚರಿಸಿದರು. ೧೮೦೨ರಲ್ಲಿ ನೌಕರರಿಗೆ ಭಾನುವಾರದ ಬಿಡುವು ಮರಳಿತು. ೧೮೦೬ನೆಯ ಜನವರಿ ೧ರಿಂದ ನೆಪೋಲಿಯನ್ನನು ಹಳೆಯ ಪಂಚಾಂಗವನ್ನೇ ಪುನಃ ಸ್ಥಾಪಿಸಿದನು.

ಹೆಸರಿಟ್ಟ ಕವಿಯು ಇದನ್ನು ನೋಡಲು ಉಳಿದಿರಲಿಲ್ಲ. ತಾನೇ ‘ಮೊಳಕೆಯ ತಿಂಗಳು’ ಎಂದು ಕರೆದಿದ್ದ ಜೆರ್ಮಿನಾಲಿನ ೧೬ನೆಯ ದಿನ, ಎಂದರೆ ೧೭೯೪ನೆಯ ಏಪ್ರಿಲ್ ೫ರಂದು, ಅವನ ತಲೆಯು ಕ್ರಾಂತಿಯವರ ಕತ್ತಿಗೇ ಬಿದ್ದಿತು. ರೋಮನು ಮರುವರ್ಷ ಮರಣದಂಡನೆಗೆ ಗುರಿಯಾಗಿ, ತನ್ನನ್ನು ತಾನೇ ಇರಿದುಕೊಂಡು ಸತ್ತನು.

ಇಷ್ಟಾದರೂ ಅವರ ಕೆಲಸವನ್ನು ಹಾಸ್ಯಮಾಡಿ ಕೈತೊಳೆದುಕೊಳ್ಳುವುದು ನ್ಯಾಯವಲ್ಲ. ನೆಲ, ಗಾಳಿ, ಮೊಳಕೆ, ಸನಿಕೆಗಳು ಪಂಚಾಂಗದಲ್ಲಿ ಸ್ಥಾನ ಪಡೆಯಬೇಕೆಂಬ ಅವರ ಆಸೆ ದೊಡ್ಡದು. ಅದನ್ನು ಒಕ್ಕಲಿಗನಿಗೆ ವಿಧಿಸಿದರೇ ಹೊರತು ಅವನನ್ನು ಕೇಳಲಿಲ್ಲ. ನಮ್ಮ ರೈತನು ಯಾರ ಆಜ್ಞೆಯೂ ಇಲ್ಲದೆ ಇಂದಿಗೂ ರೋಹಿಣಿ, ಮೃಗಶಿರಾ, ಆರ್ದ್ರಾ ಎಂದು ಮಳೆಗಳನ್ನು ಎಣಿಸುತ್ತಿರುವನು. ಆ ಎಣಿಕೆಗೆ ಅವನ ಬಿತ್ತನೆಯೇ ಆಧಾರ. ಬಾಳಿನ ದುಡಿಮೆಗೂ ಬಿಡುವಿಗೂ ಹೊಂದಿದ ಪಂಚಾಂಗವೇ ಉಳಿಯತಕ್ಕದ್ದು.