ಕುದುರೆ ಮೇಲಿನ ನ್ಯಾಯ

1903ರಲ್ಲಿ ಎಡ್ವಿನ್ ಪೋರ್ಟರ್ ತೆಗೆದ 'ದಿ ಗ್ರೇಟ್ ಟ್ರೈನ್ ರಾಬರಿ' ಸುಮಾರು 12 ನಿಮಿಷದ ಮೂಕಿ ಚಿತ್ರ. ಕಳ್ಳರು ರೈಲು ದೋಚುತ್ತಾರೆ. ಸುದ್ದಿ ಮುಟ್ಟಿದಾಗ ಊರ ಗಂಡಸರು ಕುಣಿಯುತ್ತಿರುತ್ತಾರೆ. ಕುಣಿತ ಬಿಟ್ಟು, ಬಂದೂಕ ಹಿಡಿದು, ಕುದುರೆ ಹತ್ತಿ ಹೋಗಿ ಕಾಡಿನಲ್ಲಿ ಕಳ್ಳರನ್ನೆಲ್ಲ ಹೊಡೆದುರುಳಿಸುತ್ತಾರೆ. ಕೋರ್ಟು ಕಚೇರಿಯ ಸುದ್ದಿಯೇ ಇಲ್ಲ.

ಇದರಲ್ಲಿ ಸಣ್ಣಪುಟ್ಟ ವೇಷ ಹಾಕಿದ್ದ ಆಂಡರ್ಸನ್ 1907ರಲ್ಲಿ ಪಾಲುದಾರನೊಬ್ಬನ ಜೊತೆ ಶಿಕಾಗೋದಲ್ಲಿ ಎಸ್ಸನೇ ಕಂಪನಿ ಕಟ್ಟಿದ. 'ಬ್ರಾಂಕೋ ಬಿಲ್ಲಿ' ಅನ್ನೋ ಒಳ್ಳೆ ಮನಸ್ಸಿನ ಕಳ್ಳನಾಗಿ ವರ್ಷಗಟ್ಟಲೆ ಒಂದೊಂದು ರೀಲಿನ ಚಿತ್ರ ತೆಗೆದ. ಶುರುವಿನಲ್ಲಿ ಆತನಿಗೆ ಕುದುರೆ ಸವಾರಿಯೇ ಬರ್ತಿರಲಿಲ್ಲವಂತೆ, ಅದು ಬೇರೆ ಮಾತು! ಆ ಕಾಲಕ್ಕೆ ಇಂಡಿಯಾದಲ್ಲೂ ಓಡುತ್ತಿದ್ದುದು ಬಹುಪಾಲು ಹೊರದೇಶದ ಸರಕೇ.

ಕಾನೂನು ಇನ್ನೂ ಬಾರದ ಗಡಿನಾಡು, ಅದಕ್ಕೇ ಈ ನ್ಯಾಯ ಅಂತಾರೆ. ಆದರೆ ಆ ನಾಡು ಯಾರದು? 1890ರಲ್ಲಿ ವೂಂಡೆಡ್ ನೀ ಎಂಬಲ್ಲಿ ಲಕೋಟಾ ಜನರನ್ನು, ಹೆಂಗಸರು ಮಕ್ಕಳೆನ್ನದೆ, ಕೊಂದದ್ದು ಸರ್ಕಾರದ ಸೈನ್ಯವೇ. ನೆಲ ಕಿತ್ತುಕೊಂಡವರೇ ನ್ಯಾಯಾಧೀಶರೂ ಆದರು.

1910ರಲ್ಲಿ ಜೇಮ್ಸ್ ಯಂಗ್ ಡೀರ್ 'ವೈಟ್ ಫಾನ್ಸ್ ಡಿವೋಷನ್' ತೆಗೆದ. ಬಿಳಿಯನ ಇಂಡಿಯನ್ ಹೆಂಡತಿ, ಗಂಡ ಬಿಟ್ಟುಹೋಗ್ತಾನೆ ಅಂತ ಹೆದರಿ ಚೂರಿಯಿಂದ ಇರಿದುಕೊಳ್ಳುತ್ತಾಳೆ. ಚೂರಿ ಕೈಲಿದ್ದ ಅಪ್ಪನನ್ನು ನೋಡಿ ಮಗು ಕುಲದವರನ್ನು ಕೂಗುತ್ತದೆ. ಅವರು ಅಟ್ಟಿಸಿಕೊಂಡು ಹೋಗಿ ಹಿಡಿದು ಅವನನ್ನು ಕೊಲ್ಲಬೇಕು, ಅಷ್ಟರಲ್ಲಿ ಹೆಂಡತಿ ಜೀವಂತ ಬಂದು ತಡೆಯುತ್ತಾಳೆ. ಅವಳು ಒಂದು ಗಳಿಗೆ ತಡವಾಗಿದ್ದರೆ? ಅವಸರದ ನ್ಯಾಯವನ್ನು ಹೀಗೆ ಕೇಳಿದ ಚಿತ್ರ ಇದು. ನನಗೆ ಪೋರ್ಟರನ ಚಿತ್ರಕ್ಕಿಂತ ಇದೇ ದೊಡ್ಡದು.

ಹಾಸನ ಸೀಮೆಯ ನಮಗೆ ಈ ಕುದುರೆ ಸವಾರರು ಹೊಸಬರೇನಲ್ಲ. ಅರಕಲಗೂಡಾಗಲಿ ಚನ್ನರಾಯಪಟ್ಟಣವಾಗಲಿ, ಊರ ನ್ಯಾಯ ಅಂದ್ರೆ ಕಟ್ಟೆ ಮೇಲೆ ಕುಂತವರು ಹೇಳಿದ್ದು; ಹಟ್ಟಿಯವರು ಕೆಳಗೆ ಕೈಕಟ್ಟಿ ನಿಂತು ಕೇಳಿದ್ದು. ದಂಡ, ಬಹಿಷ್ಕಾರ ಎಲ್ಲಾ ಅಲ್ಲೇ. ಹಳೇ ಕತೆ ಅಂತೀರಾ? 2015ರಲ್ಲಿ ಹೊಳೆನರಸೀಪುರ ತಾಲ್ಲೂಕಿನ ಸಿಗರನಹಳ್ಳಿಯಲ್ಲಿ ದಲಿತ ಹೆಣ್ಮಕ್ಕಳು ಗುಡಿಯೊಳಗೆ ಹೋದರೆಂದು ಊರವರು 1,000 ರೂಪಾಯಿ ದಂಡ ಹಾಕಿದರು. ಗುಡಿ ಯಾರದ್ದು ಗೊತ್ತಾ, ಬಸವೇಶ್ವರನದು! ಬ್ರಾಂಕೋ ಬಿಲ್ಲಿಯ ಊರಿಗಾದರೂ ಕಾನೂನು ಬಂದಿರಲಿಲ್ಲ ಎಂಬ ನೆಪವಿತ್ತು. ಇಲ್ಲಿ ಅಸ್ಪೃಶ್ಯತೆಯನ್ನು ಅಪರಾಧ ಮಾಡಿದ ಕಾಯಿದೆ 1955ರಲ್ಲೇ ಬಂದಿತ್ತು.